ಸಾಲದ ದೋಣಿಯನ್ನು ಕದಲಿಸಲು ಯಾರ ಅಪ್ಪಣೆ?

ಬರ್ಮಿಂಗ್‌ಹ್ಯಾಮಿನ ಗ್ಯಾಸ್ ಸ್ಟ್ರೀಟ್ ಬೇಸಿನ್ನಿನಲ್ಲಿ ಸಾಲಾಗಿ ನಿಂತಿರುವ ಬಣ್ಣಬಣ್ಣದ ನ್ಯಾರೋಬೋಟುಗಳನ್ನು ನಮ್ಮ ಓದುಗರಲ್ಲಿ ಅನೇಕರು ಕಂಡಿರುತ್ತಾರೆ. ಊರಿನಿಂದ ಬಂದ ನೆಂಟರಿಗೆ ತೋರಿಸಲು ಅದೊಂದು ಸುಲಭದ ಜಾಗ. ಅಗಲ 7 ಅಡಿಗೂ ತುಸು ಕಡಿಮೆ, ಉದ್ದ 70 ಅಡಿಯವರೆಗೆ. ಮನೆಯ ಬೆಲೆ ಎಟುಕದ ಕಿರಿಯರೂ ನಿವೃತ್ತಿಯ ಅಂಚಿನಲ್ಲಿರುವ ಹಿರಿಯರೂ ಇಂಥದೊಂದನ್ನು ಸಾಲ ಮಾಡಿ ಕೊಳ್ಳುವ ಮಾತಾಡುವುದುಂಟು. ಅಂಥವರು ಸಾಲಪತ್ರದ ಒಂದು ಕಲಮನ್ನು ಎರಡು ಸಲ ಓದಬೇಕು. ಸಾಲ ಕೊಟ್ಟವರ ಲಿಖಿತ ಒಪ್ಪಿಗೆಯಿಲ್ಲದೆ ದೋಣಿಯನ್ನು ಗೊತ್ತಾದ ನೆಲೆಯಿಂದ ಬೇರೆಡೆಗೆ, ಅದರಲ್ಲೂ ದೇಶದ ಹೊರಗೆ, ಒಯ್ಯಬಾರದು ಎಂಬುದೇ ಆ ಕಲಮು.

ಚಿನ್ನವನ್ನು ಅಡವಿಟ್ಟರೆ ಅದು ಬ್ಯಾಂಕಿನ ತಿಜೋರಿ ಸೇರುತ್ತದೆ. ಜಮೀನನ್ನು ಅಡವಿಟ್ಟರೆ ಉಳುಮೆ ನಮ್ಮದೇ, ಆದರೂ ಅದು ಸರ್ವೆ ನಂಬರು ಬಿಟ್ಟು ಓಡಿಹೋಗದು. ದೋಣಿಯಾದರೋ ಸಾಲಗಾರನ ಕೈಯಲ್ಲೇ ಇರುತ್ತದೆ, ಮೇಲಾಗಿ ಅದಕ್ಕೆ ಎಂಜಿನ್ ಬೇರೆ! ಮಲ್ಪೆ, ಮಂಗಳೂರಿನ ಕಡೆಯವರಿಗೆ ಇದು ಹೊಸತಲ್ಲ. ಬ್ಯಾಂಕಿನ ಸಾಲದಲ್ಲಿ ಕಟ್ಟಿದ ಮೀನುಗಾರಿಕೆಯ ದೋಣಿ ಮಹಾರಾಷ್ಟ್ರದ ಕಡಲಿನವರೆಗೂ ಹೋಗಿಬರುತ್ತದೆ. ರಸಾಯನಶಾಸ್ತ್ರದವರಾದ ನಾವು ಇದನ್ನು ಈಥರಿನಂಥ ಬಾಷ್ಪಶೀಲ ಒತ್ತೆ ಎನ್ನುತ್ತೇವೆ, ಬಿರಡೆ ಬಿಗಿಯಾಗಿರಬೇಕಷ್ಟೆ.

ಇಂಗ್ಲೆಂಡಿನ ನ್ಯಾಯಾಲಯಗಳು ಈ ವಿಷಯದಲ್ಲಿ ಸಾಲಗಾರನಿಗೆ ಉದಾರವಾಗಿಯೇ ಇವೆ. ಕಾಲಿನ್ಸ್ ಮತ್ತು ಲ್ಯಾಂಪೋರ್ಟ್ ನಡುವಣ 1864ರ ಮೊಕದ್ದಮೆಯಿಂದ ಬಂದ ತತ್ವವೆಂದರೆ, ಒತ್ತೆಯ ಬೆಲೆಗೆ ಧಕ್ಕೆ ಬಾರದಂತೆ ಹಡಗನ್ನು ದುಡಿಸಿಕೊಳ್ಳಲು ಮಾಲೀಕನಿಗೆ ಹಕ್ಕುಂಟು. ಸಾಲ ಕೊಡುವವರು ಇಷ್ಟಕ್ಕೇ ತೃಪ್ತರಾಗದೆ ಒಪ್ಪಿಗೆಯ ಕಲಮನ್ನು ಬರೆಸಿಕೊಳ್ಳುತ್ತಾರೆ. ಅವರ ಅಂಜಿಕೆ ನಿರಾಧಾರವೆನ್ನಲಾಗದು. ಪರದೇಶದ ನೀರಿನಲ್ಲಿ ಪರದೇಶದ ಕೋರ್ಟು. ಸಿಬ್ಬಂದಿಯ ಸಂಬಳದ ಬಾಕಿಯಂಥ ಹಕ್ಕುಗಳು ಅಡಮಾನಕ್ಕಿಂತ ಮುಂದೆ ನಿಲ್ಲುತ್ತವೆ. ವಿಜಯ್ ಮಲ್ಯರ ಹೆಸರಿನೊಡನೆ ಸೇರಿಕೊಂಡಿದ್ದ 'ಇಂಡಿಯನ್ ಎಂಪ್ರೆಸ್' ವಿಹಾರನೌಕೆಯನ್ನು 2018ರಲ್ಲಿ ಮಾಲ್ಟಾದಲ್ಲಿ ತಡೆಹಿಡಿದದ್ದು ಸಿಬ್ಬಂದಿಯ ಸಂಬಳದ ಬಾಕಿಗಾಗಿಯೇ. ಅದೇ ವರ್ಷ ಅದು ಹರಾಜಾಯಿತು.

ನಮ್ಮ ಕಾಲುವೆಗಳಲ್ಲಿ ತೊಡಕು ಇನ್ನೊಂದು ತೆರನಾದದ್ದು. 1995ರ ಬ್ರಿಟಿಷ್ ವಾಟರ್‌ವೇಸ್ ಕಾಯಿದೆಯ 17ನೆಯ ಕಲಮಿನ ಪ್ರಕಾರ, ಖಾಯಂ ಮೂರಿಂಗ್ ಇಲ್ಲದ ದೋಣಿ ಸಾಮಾನ್ಯವಾಗಿ ಒಂದೇ ಸ್ಥಳದಲ್ಲಿ 14 ದಿನಗಳಿಗಿಂತ ಹೆಚ್ಚು ನಿಲ್ಲುವಂತಿಲ್ಲ. ಕಾಯಿದೆ ಹೊರಡು ಎನ್ನುತ್ತದೆ, ಸಾಲಪತ್ರ ನಿಲ್ಲು ಎನ್ನುತ್ತದೆ! ಮೂರಿಂಗ್ ಬಾಡಿಗೆ ಉಳಿಸಿ ದೋಣಿಯಲ್ಲೇ ಸಂಸಾರ ಹೂಡುತ್ತೇವೆನ್ನುವವರು ಇದನ್ನು ಸಹಿಗೆ ಮುಂಚೆಯೇ ಇತ್ಯರ್ಥ ಮಾಡಿಕೊಳ್ಳುವುದು ಕ್ಷೇಮ.

ಒಪ್ಪಿಗೆ ಸಿಕ್ಕಿದರೂ ಲಾಕು ಒಪ್ಪಬೇಕಲ್ಲ! ಲೀಡ್ಸ್-ಲಿವರ್‌ಪೂಲ್ ಕಾಲುವೆಯಲ್ಲಿ ವಿಗನ್ ದಾಟಿದ ಮೇಲೆ ಲಾಕುಗಳ ಉದ್ದ ಸುಮಾರು 62 ಅಡಿ. ಬರ್ಮಿಂಗ್‌ಹ್ಯಾಮಿನ 70 ಅಡಿಯ ದೋಣಿ ಆ ದಾರಿಯಲ್ಲಿ ಲೀಡ್ಸ್ ಮುಟ್ಟಲಾರದು. ಕ್ರೇನಿನಿಂದ ಎತ್ತಿ ಲಾರಿಯ ಮೇಲೆ ಸಾಗಿಸುವುದಾದರೆ ಸಾಲ ಕೊಟ್ಟವರನ್ನೂ ವಿಮೆಯವರನ್ನೂ ಮೊದಲು ಕೇಳಬೇಕು, ಉತ್ತರ ಕಾಗದದಲ್ಲೇ ಬರಬೇಕು.

ಹಳೆಯ ದೋಣಿ ಕೊಳ್ಳುವವರಿಗೂ ಒಂದು ಮಾತು. ಬ್ರಿಟಿಷ್ ಹಡಗು ರಿಜಿಸ್ಟರಿನ ಮೊದಲನೆಯ ಭಾಗದಲ್ಲಿ ಹಡಗೊಂದಕ್ಕೆ 64 ಪಾಲು; ಅಡಮಾನಗಳೂ ಅಲ್ಲೇ ದಾಖಲಾಗುತ್ತವೆ, ಮೊದಲು ದಾಖಲಾದದ್ದಕ್ಕೆ ಮೊದಲ ಹಕ್ಕು. ಸಣ್ಣ ದೋಣಿಗಳ ಮೂರನೆಯ ಭಾಗದಲ್ಲಿ ಅಡಮಾನ ದಾಖಲಿಸಲು ಅವಕಾಶವೇ ಇಲ್ಲ. ಕಾಲುವೆಯ ಲೈಸೆನ್ಸಂತೂ ಒಡೆತನದ ಪುರಾವೆಯಲ್ಲ. ಆದ್ದರಿಂದ ಮಾರುವವರ ಹಳೆಯ ಕ್ರಯಪತ್ರಗಳನ್ನೂ, ಸಾಲವಿದ್ದಿದ್ದರೆ ಅದು ತೀರಿದ ಪತ್ರವನ್ನೂ ಕೇಳಿ ಪಡೆದ ಮೇಲೆಯೇ ಚೆಕ್ಕು ಬರೆಯತಕ್ಕದ್ದು.