ಐವತ್ತಕ್ಕೆ ಸ್ಟಾರ್ ಆದ ಲೂಯಿ ದ ಫ್ಯುನೆಸ್

ಐವತ್ತನೇ ವಯಸ್ಸಲ್ಲಿ ಯಾರಾದ್ರೂ ಸ್ಟಾರ್ ಆಗ್ತಾರಾ? ಫ್ರಾನ್ಸ್‌ನ ಹಾಸ್ಯನಟ ಲೂಯಿ ದ ಫ್ಯುನೆಸ್ ಆದರು.

ಸ್ಪೇನ್‌ನಿಂದ ವಲಸೆ ಬಂದಿದ್ದ ದಂಪತಿಯ ಮಗನಾಗಿ 1914ರಲ್ಲಿ ಪ್ಯಾರಿಸ್ ಪಕ್ಕದಲ್ಲಿ ಹುಟ್ಟಿದವರು. ಕುಳ್ಳ ದೇಹ, ಬೋಳು ತಲೆ. ಎರಡನೇ ಮಹಾಯುದ್ಧದ ಕಾಲದಲ್ಲಿ ಬಾರ್‌ಗಳಲ್ಲಿ ಪಿಯಾನೋ ನುಡಿಸಿ ಬದುಕಿದರು. ಆಮೇಲೆ ಸುಮಾರು ಇಪ್ಪತ್ತು ವರ್ಷ ಸಿನಿಮಾದಲ್ಲಿ ಹೆಚ್ಚಾಗಿ ಹೀಗೆ ಬಂದು ಹಾಗೆ ಹೋಗುವ ಪಾತ್ರಗಳು.

1964ರಲ್ಲಿ ಸಾಂ ಟ್ರೋಪೆ ಅನ್ನೋ ಊರಿನ ಪೊಲೀಸ್ ಆಗಿ ಬಂದರು ನೋಡಿ, ದೇಶಕ್ಕೆ ದೇಶವೇ ನಕ್ಕಿತು. ಮೇಲಧಿಕಾರಿ ಮುಂದೆ ಹಲ್ಲು ಕಿರಿಯೋದು, ಕೈಕೆಳಗಿನವರ ಮೇಲೆ ಹಾರಾಡೋದು. ಅಂಥ ಬಾಸ್ ಯಾವ ಆಫೀಸಲ್ಲಿಲ್ಲ ಹೇಳಿ? ನಗು ಹುಟ್ಟಿದ್ದೇ ಅಲ್ಲಿ.

1966ರ ‘ಲಾ ಗ್ರಾಂದ್ ವಾದ್ರೂಯ್’ಗೆ ಫ್ರಾನ್ಸ್ ಒಂದರಲ್ಲೇ 1.7 ಕೋಟಿಗೂ ಹೆಚ್ಚು ಟಿಕೆಟ್ ಮಾರಾಟವಾದವು. ಇನ್ನೊಂದು ಫ್ರೆಂಚ್ ಸಿನಿಮಾ ಆ ದಾಖಲೆ ಮುರಿಯೋಕೆ 2008 ಬರಬೇಕಾಯ್ತು!

1975ರಲ್ಲಿ ಹೃದಯಾಘಾತ. ಮರುವರ್ಷವೇ ತೆರೆಗೆ ವಾಪಸ್. 1983ರಲ್ಲಿ ತೀರಿಕೊಂಡರು.

ಸಣ್ಣ ಪಾತ್ರ ಅಂತ ಆ ಇಪ್ಪತ್ತು ವರ್ಷ ಅವರು ಸುಮ್ಮನೆ ಕೂರಲಿಲ್ಲ, ನಟಿಸುತ್ತಲೇ ಇದ್ದರು. ಅವಕಾಶ ಬಂದಿದ್ದು ತಡವಾಗಿ. ಬಂದಾಗ ಅವರು ರೆಡಿ ಇದ್ದರು.