ನಿಮಗಿದು ಗೊತ್ತೇ? ಟ್ಯಾಕ್ಸಿ ಓಡಿಸಿದವರು ಮಂತ್ರಿಯಾದರು!

ರೌಲ್ ಪೆಕ್ ಹೆಸರು ಕೇಳಿದ್ದೀರಾ? ಹೈಟಿ ದೇಶದ ಸಿನಿಮಾ ನಿರ್ದೇಶಕರು. ಹುಟ್ಟಿದ್ದು 1953ರಲ್ಲಿ. ಸರ್ವಾಧಿಕಾರಿಯ ಕಾಟ ತಾಳದೆ ಮನೆಮಂದಿ ಗಂಟುಮೂಟೆ ಕಟ್ಟಿದಾಗ ಹುಡುಗನಿಗೆ ಎಂಟು ವರ್ಷ. ಹೋಗಿ ಇಳಿದದ್ದೆಲ್ಲಿ? ಆಫ್ರಿಕಾದ ಕಾಂಗೋದಲ್ಲಿ!

ಬರ್ಲಿನ್‌ನಲ್ಲಿ ಓದಿದ್ದು ಎಂಜಿನಿಯರಿಂಗ್, ಅರ್ಥಶಾಸ್ತ್ರ. ನ್ಯೂಯಾರ್ಕ್‌ನಲ್ಲಿ ಒಂದು ವರ್ಷ ಓಡಿಸಿದ್ದು ಟ್ಯಾಕ್ಸಿ! ಸಿನಿಮಾ ಪದವಿ ಕೈಗೆ ಬಂದಾಗ 1988.

1996ರಲ್ಲಿ ಹೈಟಿಯ ಸಂಸ್ಕೃತಿ ಮಂತ್ರಿಯೂ ಆದರು. ಸಿನಿಮಾದವರು ಮಂತ್ರಿಯಾಗುವುದು ನಮಗೇನು ಹೊಸದಲ್ಲ ಬಿಡಿ. ಆದರೆ ಮರುವರ್ಷವೇ ರಾಜೀನಾಮೆ ಕೊಟ್ಟು, ಆ ಕುರ್ಚಿಯ ಕಥೆಯನ್ನೇ ಪುಸ್ತಕ ಬರೆದು ಹಾಕಿದವರು ಎಷ್ಟು ಜನ ಹೇಳಿ!

ಬಾಲಕ ಪೆಕ್ ಹೋಗಿ ಇಳಿದ ಆ ಕಾಂಗೋದ ಮೊದಲ ಪ್ರಧಾನಿ ಪ್ಯಾಟ್ರಿಸ್ ಲುಮುಂಬಾ ಅವರನ್ನು 1961ರಲ್ಲಿ ಕೊಂದು, ಹೆಣವನ್ನು ಆಸಿಡ್‌ನಲ್ಲಿ ಕರಗಿಸಿದರು. ಒಂದು ಹಲ್ಲು ಉಳಿದಿತ್ತು. ಬೆಲ್ಜಿಯಂ ಅದನ್ನು ವಾಪಸ್ ಕೊಟ್ಟದ್ದು 2022ರಲ್ಲಿ!

ಈ ಲುಮುಂಬಾ ಬಗ್ಗೆ ಪೆಕ್ ಎರಡೆರಡು ಸಿನಿಮಾ ತೆಗೆದರು. 1990ರ ಸಾಕ್ಷ್ಯಚಿತ್ರದಲ್ಲಿ ಕಾಂಗೋಗಿಂತ ಚಳಿಗಾಲದ ಬ್ರಸೆಲ್ಸ್ ಬೀದಿಗಳೇ ಹೆಚ್ಚು! ಜೊತೆಗೆ ‘ಅಮ್ಮ ಹೇಳುತ್ತಾಳೆ...’ ಎಂದು ಮತ್ತೆ ಮತ್ತೆ ಕೇಳುವ ದನಿ. ಪೆಕ್ ಅವರ ಅಮ್ಮನಿಗೆ ಗೊತ್ತಿರದೇ ಇರುತ್ತದೆಯೇ? ಅವರು ಕಾಂಗೋ ರಾಜಧಾನಿಯ ಮೇಯರ್ ಕಚೇರಿಯಲ್ಲಿ ಕಾರ್ಯದರ್ಶಿಯಾಗಿದ್ದವರು! 2000ದ ಕಥಾಚಿತ್ರದ ಕಾಂಗೋ ಇನ್ನೂ ತಮಾಷೆ. ಅದನ್ನು ಚಿತ್ರೀಕರಿಸಿದ್ದು ಜಿಂಬಾಬ್ವೆ ಮತ್ತು ಮೊಜಾಂಬಿಕ್‌ನಲ್ಲಿ!

ಈಗ ನನಗೆ ಎಲ್ಲಕ್ಕಿಂತ ಇಷ್ಟವಾದದ್ದು. ಅಮೆರಿಕದ ಕಪ್ಪು ಲೇಖಕ ಜೇಮ್ಸ್ ಬಾಲ್ಡ್‌ವಿನ್ ತಮ್ಮ ಮೂವರು ಗೆಳೆಯರ ಬಗ್ಗೆ ಪುಸ್ತಕ ಬರೆಯಲು ಕೂತಿದ್ದರು. ಮೆಡ್ಗರ್ ಎವರ್ಸ್, ಮಾಲ್ಕಮ್ ಎಕ್ಸ್, ಮಾರ್ಟಿನ್ ಲೂಥರ್ ಕಿಂಗ್. ಮೂವರೂ ಗುಂಡಿಗೆ ಬಲಿಯಾದವರು, ಮೂವರಿಗೂ ನಲವತ್ತು ತುಂಬಿರಲಿಲ್ಲ! 1987ರಲ್ಲಿ ಬಾಲ್ಡ್‌ವಿನ್ ತೀರಿಕೊಂಡಾಗ ಆಗಿದ್ದದ್ದು ಸುಮಾರು 30 ಪುಟ. ಆ ಪುಟಗಳನ್ನು ಅವರ ತಂಗಿ ಪೆಕ್ ಕೈಗಿತ್ತರು. ಹತ್ತು ವರ್ಷದ ದುಡಿಮೆಯ ನಂತರ ಬಂತು ‘ಐ ಆಮ್ ನಾಟ್ ಯುವರ್ ನೀಗ್ರೋ’. ಪಂಡಿತರನ್ನು ಕೂರಿಸಿ ಮಾತಾಡಿಸುವ ಗೋಜೇ ಇಲ್ಲ. ನಿರೂಪಣೆಯ ಮಾತೆಲ್ಲ ಬಾಲ್ಡ್‌ವಿನ್ ಅವರದೇ, ದನಿ ಮಾತ್ರ ಸ್ಯಾಮ್ಯುಯೆಲ್ ಎಲ್. ಜಾಕ್ಸನ್ ಅವರದು. ಆಸ್ಕರ್‌ಗೂ ನಾಮನಿರ್ದೇಶನಗೊಂಡಿತು!

ಪೆಕ್ ಕೈಗೆ ಸಿಕ್ಕ ಇನ್ನೊಂದು ಕಥೆ ಕೇಳಿ. ದಕ್ಷಿಣ ಆಫ್ರಿಕಾದ ವರ್ಣಭೇದವನ್ನು ಕದ್ದುಮುಚ್ಚಿ ಸೆರೆಹಿಡಿದ ಫೋಟೊಗ್ರಾಫರ್ ಅರ್ನೆಸ್ಟ್ ಕೋಲ್ 1990ರಲ್ಲಿ ನ್ಯೂಯಾರ್ಕ್‌ನಲ್ಲಿ ಕೈಯಲ್ಲಿ ಕಾಸಿಲ್ಲದೆ ತೀರಿಕೊಂಡರು. ನೆಗೆಟಿವ್‌ಗಳು ಎಲ್ಲಿ ಹೋದವೋ ಗೊತ್ತಿರಲಿಲ್ಲ. 2017ರಲ್ಲಿ ಸಿಕ್ಕವು ನೋಡಿ, ಸ್ವೀಡನ್ನಿನ ಬ್ಯಾಂಕೊಂದರ ಲಾಕರ್‌ನಲ್ಲಿ, ಒಂದಲ್ಲ ಎರಡಲ್ಲ, ಸುಮಾರು 60,000! ಪೆಕ್ ಸುಮ್ಮನಿರುತ್ತಾರೆಯೇ? ಅದೂ ಸಿನಿಮಾ ಆಯಿತು, 2024ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಸಾಕ್ಷ್ಯಚಿತ್ರ ಪ್ರಶಸ್ತಿಯನ್ನು ಹಂಚಿಕೊಂಡಿತು. ನೆಗೆಟಿವ್ ತಂದಿಟ್ಟವರು ಯಾರು? ಅಷ್ಟು ವರ್ಷ ಬಾಡಿಗೆ ಕಟ್ಟಿದವರು ಯಾರು? ಬ್ಯಾಂಕ್ ಬಾಯಿ ಬಿಡಲಿಲ್ಲ!