ಗಣಿಗಾರನ ಮಗಳ ಹಾಡು

ಬಡತನದಲ್ಲಿ ಕಳೆದ ಬಾಲ್ಯವನ್ನು ಮರೆಯಲು ಬಯಸುವವರೇ ಹೆಚ್ಚು. ಕೀರ್ತಿ ಬಂದ ಮೇಲೆ ಹಳೆಯ ಗುಡಿಸಲಿನ ಕಥೆಯನ್ನು ನಾಲ್ಕು ಜನರ ಮುಂದೆ ಹೆಮ್ಮೆಯಿಂದ ಹೇಳಿಕೊಳ್ಳುವವರು ವಿರಳ. ಅಮೆರಿಕೆಯ ಗಾಯಕಿ ಲೊರೆಟ್ಟಾ ಲಿನ್ ಅಂಥ ವಿರಳರಲ್ಲಿ ಒಬ್ಬಳು. 1970ರ ಅಕ್ಟೋಬರಿನಲ್ಲಿ ಹೊರಬಂದ ಆಕೆಯ ‘ಕೋಲ್ ಮೈನರ್ಸ್ ಡಾಟರ್’, ಅಂದರೆ ‘ಕಲ್ಲಿದ್ದಲ ಗಣಿಗಾರನ ಮಗಳು’, ಎಂಬ ಧ್ವನಿಮುದ್ರಿಕೆಯ ವಸ್ತು ಆಕೆಯ ತೌರುಮನೆಯೇ.

ಕೆಂಟಕಿ ಸಂಸ್ಥಾನದ ಬೆಟ್ಟಗಳ ನಡುವೆ, ವ್ಯಾನ್ ಲಿಯರ್ ಎಂಬ ಗಣಿಯೂರಿನ ಸಮೀಪದಲ್ಲಿ, ಬುಚರ್ ಹಾಲೊ ಎಂಬ ಕಣಿವೆಯಿದೆ. 1932ರ ಏಪ್ರಿಲ್ 14ರಂದು ಲೊರೆಟ್ಟಾ ಹುಟ್ಟಿದ್ದು ಅಲ್ಲಿ. ಟೆಡ್ ಮತ್ತು ಕ್ಲಾರಾ ವೆಬ್ ದಂಪತಿಗಳ ಎಂಟು ಮಕ್ಕಳಲ್ಲಿ ಈಕೆ ಎರಡನೆಯವಳು. ಚಿತ್ರನಟಿ ಲೊರೆಟ್ಟಾ ಯಂಗಳ ಹೆಸರನ್ನು ತಾಯಿ ಮಗುವಿಗಿಟ್ಟಳು.

ಹಾಡಿನಲ್ಲಿ ಬರುವುದು ಈ ಮನೆಯ ನಿತ್ಯದ ಬಾಳು. ತಂದೆಗೆ ಇರುಳೆಲ್ಲ ಗಣಿಯ ದುಡಿಮೆ, ಹಗಲಿಗೆ ಜೋಳದ ಹೊಲ. ತಾಯಿಗೆ ದಿನವಿಡೀ ಒಗೆತ, ರಾತ್ರಿ ದೀಪದ ಬೆಳಕಿನಲ್ಲಿ ಧರ್ಮಗ್ರಂಥದ ಪಠಣ. ಬೇಸಗೆಯಲ್ಲಿ ಮಕ್ಕಳದು ಬರಿಗಾಲು. ಚಳಿಗಾಲ ಬಂದಿತೆಂದರೆ, ಸಾಕಿದ ಹಂದಿಯನ್ನು ಮಾರಿಯಾದರೂ ತಂದೆ ಹೊಸ ಬೂಟುಗಳನ್ನು ಅಂಚೆಯಲ್ಲಿ ತರಿಸುತ್ತಿದ್ದನು. ಒಗೆದೊಗೆದು ತಾಯಿಯ ಬೆರಳಿನಲ್ಲಿ ರಕ್ತ ಒಸರುತ್ತಿದ್ದುದನ್ನೂ ಹಾಡು ಮರೆಮಾಚುವುದಿಲ್ಲ. ಆದರೂ ಕೇಳುವವರ ಕಿವಿಗೆ ಬೀಳುವುದು ದೂರಲ್ಲ, ತೃಪ್ತಿ. ಆ ಮನೆಯಲ್ಲಿ ಹಣವಿರಲಿಲ್ಲ. ಮಕ್ಕಳ ಮೇಲಣ ಮಮತೆಗೆ ಮಾತ್ರ ಬರವಿರಲಿಲ್ಲ.

ಲೊರೆಟ್ಟಾಳಿಗೆ ಹದಿನೈದನೆಯ ವಯಸ್ಸಿಗೇ ವಿವಾಹವಾಯಿತು. ಗಂಡ ಆಲಿವರ್ ಲಿನ್ 1953ರಲ್ಲಿ 17 ಡಾಲರುಗಳ ಒಂದು ಗಿಟಾರನ್ನು ತಂದುಕೊಟ್ಟನು. ಆಕೆ ತಾನಾಗಿಯೇ ಅದನ್ನು ನುಡಿಸಲು ಕಲಿತಳು, ಹಾಡುಗಳನ್ನೂ ಕಟ್ಟತೊಡಗಿದಳು. ಮೊದಲನೆಯ ಧ್ವನಿಮುದ್ರಿಕೆ ಹೊರಬಿದ್ದುದು 1960ರಲ್ಲಿ. ಆದರೆ ಗಣಿಯ ಧೂಳು ತಂದೆಯ ಶ್ವಾಸಕೋಶವನ್ನು ಅದಾಗಲೇ ಹಾಳುಗೆಡವಿತ್ತು. 1959ರಲ್ಲಿಯೇ ಅವನು ತೀರಿಕೊಂಡಿದ್ದನು. ಯಾವ ತಂದೆಯ ಬೆವರನ್ನು ಮಗಳು ಹಾಡಿದಳೋ, ಆ ತಂದೆಗೆ ಅವಳ ಒಂದು ಮುದ್ರಿಕೆಯನ್ನೂ ಕೇಳುವ ಭಾಗ್ಯವಿರಲಿಲ್ಲ.

ಮೊದಲು ಬರೆದಾಗ ಹಾಡು ಬಹಳ ಉದ್ದವಾಗಿತ್ತು. ನಿರ್ಮಾಪಕ ಓವೆನ್ ಬ್ರ್ಯಾಡ್ಲೀಯ ಮಾತಿನಂತೆ ಲೊರೆಟ್ಟಾ ಕೆಲವು ಚರಣಗಳನ್ನು ಕೈಬಿಡಬೇಕಾಯಿತು. 1969ರಲ್ಲಿ ಮುದ್ರಣವಾದ ಹಾಡು ಒಂದು ವರ್ಷ ಕಾದು ಹೊರಬಂದಿತು. 1970ರ ಡಿಸೆಂಬರಿನಲ್ಲಿ ‘ಬಿಲ್‌ಬೋರ್ಡ್’ ಪತ್ರಿಕೆಯ ಕಂಟ್ರಿ ಸಂಗೀತದ ಪಟ್ಟಿಯಲ್ಲಿ ಅಗ್ರಸ್ಥಾನವನ್ನೇರಿತು. 1976ರಲ್ಲಿ ಪ್ರಕಟವಾದ ಆಕೆಯ ಆತ್ಮಕಥೆಗೂ 1980ರ ಚಲನಚಿತ್ರಕ್ಕೂ ಈ ಹಾಡಿನ ಹೆಸರೇ ದೊರೆಯಿತು. ಚಿತ್ರದಲ್ಲಿ ಲೊರೆಟ್ಟಾಳ ಪಾತ್ರ ವಹಿಸಿದ ಸಿಸ್ಸಿ ಸ್ಪೇಸೆಕ್, ಹಾಡುಗಳನ್ನು ತಾನೇ ಹಾಡಿ, ಶ್ರೇಷ್ಠ ನಟಿಯೆಂದು ಆಸ್ಕರ್ ಪ್ರಶಸ್ತಿಯನ್ನೂ ಪಡೆದಳು.

ಈ ಹಾಡು ಬಡತನವನ್ನು ಭಾಗ್ಯವೆಂದು ಬಣ್ಣಿಸುವುದಿಲ್ಲ. ತಮಗೆ ಅರೆಹೊಟ್ಟೆಯಾದರೂ ಮಕ್ಕಳಿಗೆ ಕೊರತೆ ತಟ್ಟದಿರಲೆಂದು ಹೆಣಗಿದ ಇಬ್ಬರನ್ನು ನೆನೆಯುತ್ತದೆ. ತೃಪ್ತಿಯ ಬೇರು ಇರುವುದು ಆ ಕೃತಜ್ಞತೆಯಲ್ಲಿ.

ಲೊರೆಟ್ಟಾ ಟೆನೆಸಿಯ ಹರಿಕೇನ್ ಮಿಲ್ಸ್‌ನಲ್ಲಿ ದೊಡ್ಡ ಬಂಗಲೆಯ ಒಡತಿಯಾದಳು. 2022ರ ಅಕ್ಟೋಬರ್ 4ರಂದು, ತೊಂಬತ್ತನೆಯ ವಯಸ್ಸಿನಲ್ಲಿ, ಅಲ್ಲಿಯೇ ಕಣ್ಮುಚ್ಚಿದಳು. ಆ ವಿಶಾಲವಾದ ಎಸ್ಟೇಟಿನಲ್ಲಿ ಆಕೆ ಇನ್ನೊಂದು ಮನೆಯನ್ನೂ ಕಟ್ಟಿಸಿದ್ದಳು: ಬುಚರ್ ಹಾಲೊದ ಆ ಹಳೆಯ ಮರದ ಮನೆಯ ಪಡಿಯಚ್ಚು.